ಬಂಟ್ವಾಳದಲ್ಲಿ ತಿರುಗಿದ ಹಳಿ

ದಕ್ಷಿಣ ಕನ್ನಡದ ಚರಿತ್ರೆ ಬರೆದವರ ಸಾಲು ಸಣ್ಣದಲ್ಲ. ಫ್ರಾನ್ಸಿಸ್ ಬುಕಾನನ್, ಜೆ. ಸ್ಟರಾಕ್, ಗಣಪತಿ ರಾವ್ ಐಗಳ್, ಭಾಸ್ಕರ ಆನಂದ ಸಾಲೆತೊರೆ, ಕೆ.ವಿ. ರಮೇಶ್, ಪಾದೂರು ಗುರುರಾಜ ಭಟ್, ಎನ್. ಶ್ಯಾಮ ಭಟ್. ಇವರ ಪುಸ್ತಕಗಳನ್ನು ಒಂದೇ ಮೇಜಿನ ಮೇಲಿಟ್ಟು ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಎಂಬ ಮೂರು ಹೆಸರುಗಳನ್ನು ಹುಡುಕುತ್ತ ಹೋದರೆ ಬಸದಿ, ಬೀಡು, ಶಾಸನ, ಕೋಟೆ ಎಲ್ಲವೂ ಕೈಗೆ ಸಿಗುತ್ತವೆ. ರೈಲಿನ ಪ್ರಸ್ತಾಪ ಬಹುಮಟ್ಟಿಗೆ ಇಲ್ಲ. ಅದು ಅವರ ತಪ್ಪಲ್ಲ. ಅವರಲ್ಲಿ ಹೆಚ್ಚಿನವರು ಬರೆದದ್ದು ರೈಲಿಗಿಂತ ಹಿಂದಿನ ಕಾಲದ ತುಳುನಾಡಿನ ಬಗ್ಗೆ, ಉಳಿದವರು ಬರೆಯುವ ಹೊತ್ತಿಗೆ ಒಳನಾಡಿಗೆ ರೈಲೇ ಬಂದಿರಲಿಲ್ಲ. ಆದರೂ ಈ ಮೂರು ಪೇಟೆಗಳ ಪೈಕಿ ಒಂದಕ್ಕೆ ಮಾತ್ರ ರೈಲು ಏಕೆ ಬಂತು, ಉಳಿದೆರಡಕ್ಕೆ ಏಕೆ ಬರಲಿಲ್ಲ ಎಂಬುದಕ್ಕೆ ಉತ್ತರ ಬೇಕಾದರೆ ರೈಲ್ವೆ ಕಡತಕ್ಕಿಂತ ಮೊದಲು ಈ ಪುಸ್ತಕಗಳನ್ನೇ ಓದಬೇಕು.

ಬುಕಾನನ್‌ನಿಂದ ಶುರು ಮಾಡೋಣ. ಟಿಪ್ಪು ಬಿದ್ದ ಮೇಲೆ ಹೊಸದಾಗಿ ಬ್ರಿಟಿಷರ ಕೈಗೆ ಬಂದ ಸೀಮೆಯಲ್ಲಿ ಏನು ಬೆಳೆಯುತ್ತದೆ, ಏನು ಮಾರಾಟವಾಗುತ್ತದೆ ಎಂದು ನೋಡಿ ಬರಲು ಗವರ್ನರ್ ಜನರಲ್ ವೆಲ್ಲೆಸ್ಲಿ ಕಳಿಸಿದ ವೈದ್ಯ ಈತ. 1801ರ ಆರಂಭದಲ್ಲಿ ಮಲಬಾರಿನ ಕಡೆಯಿಂದ ಮಂಗಳೂರಿಗೆ ಬಂದವನು ಅಲ್ಲಿಂದ ಸಮುದ್ರತೀರ ಹಿಡಿದು ನೇರ ಉಡುಪಿಗೆ ಹೋಗಲಿಲ್ಲ. ನೇತ್ರಾವತಿಯ ದಂಡೆಯಲ್ಲಿ ಒಳನಾಡಿಗೆ ಹೊರಳಿದ. ಮೊದಲ ತಂಗುದಾಣ ಅರ್ಕುಳ, ಅಂದರೆ ನಮ್ಮ ಫರಂಗಿಪೇಟೆ. ಇಕ್ಕೇರಿ ಅರಸರ ಕಾಲದಲ್ಲಿ ಬಂದು ನೆಲೆಸಿದ ಕೊಂಕಣಿ ಕ್ರೈಸ್ತರ ಊರು ಅದು. ಟಿಪ್ಪು ಅವರನ್ನು ಶ್ರೀರಂಗಪಟ್ಟಣಕ್ಕೆ ಸಾಗಿಸಿದ ಮೇಲೆ ಹಾಳುಬಿದ್ದಿತ್ತು. ಮುಂದೆ ಬೆಳ್ತಂಗಡಿ, ಜಮಾಲಾಬಾದಿನ ಕಲ್ಲುಗುಡ್ಡ, ವೇಣೂರು, ಮೂಡುಬಿದಿರೆ, ಕಾರ್ಕಳ. 1807ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳಲ್ಲಿ ಅಚ್ಚಾದ ಅವನ ಪ್ರವಾಸಕಥನದಲ್ಲಿ ಈ ಊರುಗಳ ಹೆಸರು ಒಂದೊಂದೂ ಒಂದೊಂದು ವಿಚಿತ್ರ ಕಾಗುಣಿತದಲ್ಲಿವೆ. ಬಾಯಿಬಿಟ್ಟು ಓದಿದರೆ ಮಾತ್ರ ಗುರುತು ಸಿಗುತ್ತದೆ.

ಬುಕಾನನ್ ನಡೆದ ಆ ಅರ್ಧಚಂದ್ರಾಕಾರದ ದಾರಿ ಈ ಮೂರೂ ತಾಲೂಕುಗಳನ್ನು ಒಂದೇ ದಾರದಲ್ಲಿ ಪೋಣಿಸುತ್ತದೆ. ಆಗ ಇವು ಒಂದೇ ಲೋಕ. ಬೆಳ್ತಂಗಡಿಯ ಬಂಗರು, ವೇಣೂರಿನ ಅಜಿಲರು, ಮೂಡುಬಿದಿರೆಯ ಚೌಟರು, ಎಲ್ಲರೂ ನೆರೆಯ ಜೈನ ಅರಸು ಮನೆತನಗಳು. 1604ರಲ್ಲಿ ತಿಮ್ಮಣ್ಣಾಜಿಲ ವೇಣೂರಿನಲ್ಲಿ ಬಾಹುಬಲಿಯನ್ನು ನಿಲ್ಲಿಸಿದ್ದು, 1430ರಲ್ಲಿ ಮೂಡುಬಿದಿರೆಯಲ್ಲಿ ಸಾವಿರ ಕಂಬದ ಬಸದಿ ಎದ್ದದ್ದು, ಎರಡಕ್ಕೂ ಹಣ ಬಂದದ್ದು ಭೂಮಿಯಿಂದ ಮತ್ತು ಘಟ್ಟದ ಮೇಲಿನಿಂದ ಇಳಿದು ಬರುತ್ತಿದ್ದ ಸರಕಿನ ವ್ಯಾಪಾರದಿಂದ. ಆ ಸರಕು ಇಳಿಯುವ ದಾರಿಗಳು ಹಲವು. ಅವೆಲ್ಲ ಬಂದು ಸೇರುವ ಜಾಗ ಒಂದು.

ಅದು ಬಂಟ್ವಾಳ. ಚಾರ್ಮಾಡಿಯಿಂದ ಇಳಿದ ಗಾಡಿಗಳು ಬೆಳ್ತಂಗಡಿ ದಾಟಿ ಇಲ್ಲಿಗೆ ಬರುತ್ತಿದ್ದವು, ಮಂಜರಾಬಾದಿನ ಕಡೆಯಿಂದ ಶಿರಾಡಿ ಇಳಿದವು ಉಪ್ಪಿನಂಗಡಿ ದಾಟಿ ಬರುತ್ತಿದ್ದವು, ಕೊಡಗಿನ ಸರಕು ಸಂಪಾಜೆ, ಸುಳ್ಯ, ಪುತ್ತೂರುಗಳ ಮೇಲಿಂದ ಪಾಣೆಮಂಗಳೂರಿಗೆ ಬರುತ್ತಿತ್ತು. ಕಾಫಿ, ಯಾಲಕ್ಕಿ, ಅಡಿಕೆ, ಅಕ್ಕಿ ಎಲ್ಲ ಇಲ್ಲಿ ಗಾಡಿಯಿಂದ ಇಳಿದು ಓಡಕ್ಕೆ ಏರಬೇಕು. ಇಲ್ಲಿಂದ ಕೆಳಗೆ ನೇತ್ರಾವತಿ ಅಗಲ, ಶಾಂತ. ಸರಕು ಹೊತ್ತ ಓಡ ಆರಾಮವಾಗಿ ಮಂಗಳೂರು ಬಂದರಿಗೆ ಇಳಿಯುತ್ತಿತ್ತು. ವಾಪಸು ಬರುವಾಗ ಉಪ್ಪು, ಒಣಮೀನು, ಬಟ್ಟೆ. ಗಾಡಿ ಬಿಚ್ಚಿ ಎತ್ತು ಕಟ್ಟುವ ಜಾಗ, ಓಡ ಕಟ್ಟುವ ಧಕ್ಕೆ, ಮಂಡಿಗಳು, ಅಂಗಡಿಗಳ ಹಿಂದೆಯೇ ಹೊಳೆಗೆ ಇಳಿಯುವ ಮೆಟ್ಟಿಲುಗಳು: ಬಂಟ್ವಾಳದ ಹಳೆಯ ಪೇಟೆಯಲ್ಲಿ ಇಂದಿಗೂ ಒಂದು ಸುತ್ತು ಹಾಕಿದರೆ ಆ ವ್ಯಾಪಾರದ ನಕ್ಷೆ ಕಾಣುತ್ತದೆ. ಬೀದಿ ಹೊಳೆಗೆ ಸಮಾನಾಂತರ, ಮನೆಗಳ ಮುಖ ಬೀದಿಗೆ, ಬೆನ್ನು ನೀರಿಗೆ. 1874ರಲ್ಲಿ ಪಂಜೆ ಮಂಗೇಶರಾಯರು ಹುಟ್ಟಿದ್ದು ಈ ಪೇಟೆಯಲ್ಲಿ. ಬೆನ್ನು ನೀರಿಗಿದ್ದದ್ದಕ್ಕೆ ದಂಡವನ್ನೂ ಊರು ತೆತ್ತಿದೆ. 1923ರ ಮಾರಿಬೊಳ್ಳ ಎಂಬ ಮಹಾನೆರೆಯನ್ನು ಹಿರಿಯರು ಕಾಲಗಣನೆಗೇ ಬಳಸುತ್ತಿದ್ದರು. 1974ರಲ್ಲಿ ಮತ್ತೊಮ್ಮೆ ಪೇಟೆ ಮುಳುಗಿತು.

ಸರಕು ಬಂದ ದಾರಿಯಲ್ಲೇ ದಂಗೆಯೂ ಬಂತು. 1837ರಲ್ಲಿ ಬ್ರಿಟಿಷರ ವಿರುದ್ಧ ಎದ್ದ ಅಮರ ಸುಳ್ಯದ ರೈತರು ಬೆಳ್ಳಾರೆಯ ಖಜಾನೆ ವಶಪಡಿಸಿಕೊಂಡು, ಪುತ್ತೂರು, ಪಾಣೆಮಂಗಳೂರು, ಬಂಟ್ವಾಳಗಳನ್ನು ದಾಟಿ ಏಪ್ರಿಲ್ 5ರಂದು ಮಂಗಳೂರು ಸೇರಿದರು. ನಂದಾವರದ ಲಕ್ಷ್ಮಪ್ಪ ಬಂಗರಸ ಅವರಿಗೆ ಜೊತೆಯಾದದ್ದು ಇಲ್ಲಿ, ನೇತ್ರಾವತಿಯ ದಂಡೆಯಲ್ಲಿ. ನೂರು ವರ್ಷಕ್ಕೆ ಸ್ವಲ್ಪ ಕಡಿಮೆ, 1934ರಲ್ಲಿ, ಗಾಂಧೀಜಿ ಮಡಿಕೇರಿಯಿಂದ ಇಳಿದು ಸುಳ್ಯ, ಪುತ್ತೂರುಗಳ ಮೂಲಕ ಕಾರಿನಲ್ಲಿ ಮಂಗಳೂರಿಗೆ ಬಂದರು. ಪುತ್ತೂರು, ಪಾಣೆಮಂಗಳೂರು, ಬಂಟ್ವಾಳ, ಮಂಗಳೂರು: ಈ ನಾಲ್ಕು ಹೆಸರು ಇದೇ ಕ್ರಮದಲ್ಲಿ ಮುಂದೆ ಮತ್ತೊಮ್ಮೆ ಬರಲಿವೆ.

ಸ್ಟರಾಕ್ ಈ ಜಿಲ್ಲೆಯ ಕಲೆಕ್ಟರನಾಗಿದ್ದವನು. ಅವನ ದಕ್ಷಿಣ ಕೆನರಾ ಮ್ಯಾನ್ಯುಯಲ್‌ನ ಮೊದಲ ಸಂಪುಟ 1894ರಲ್ಲಿ, ಹೆರಾಲ್ಡ್ ಸ್ಟುವರ್ಟ್ ಮುಗಿಸಿದ ಎರಡನೆಯದು 1895ರಲ್ಲಿ ಬಂತು. ಆಗ ಜಿಲ್ಲೆಯಲ್ಲಿ ಐದೇ ತಾಲೂಕು: ಮಂಗಳೂರು, ಉಡುಪಿ, ಕುಂದಾಪುರ, ಉಪ್ಪಿನಂಗಡಿ, ಕಾಸರಗೋಡು. ಒಂದು ಗಜ ರೈಲು ಹಳಿಯೂ ಇಲ್ಲ. ಪಕ್ಕದ ಮಲಬಾರಿನಲ್ಲಿ 1861ರಲ್ಲೇ ತಿರೂರು–ಬೇಪೂರು ನಡುವೆ ರೈಲು ಓಡಿತ್ತು, 1888ಕ್ಕೆ ಕೋಝಿಕ್ಕೋಡ್ ತಲುಪಿತ್ತು. ಅಲ್ಲಿಂದ ಮಂಗಳೂರಿಗೆ ಬರಲು ಇನ್ನೂ ಹತ್ತೊಂಬತ್ತು ವರ್ಷ ಹಿಡಿಯಿತು. 1907ರಲ್ಲಿ ನೇತ್ರಾವತಿಯ ಸೇತುವೆ ದಾಟಿ ರೈಲು ಮಂಗಳೂರಿಗೆ ಬಂದಾಗ ಅದು ಬಂದದ್ದು ದಕ್ಷಿಣದಿಂದ. ಘಟ್ಟಕ್ಕೂ ಅದಕ್ಕೂ ಸಂಬಂಧವಿಲ್ಲ. ಮದರಾಸು ಪ್ರಾಂತದ ಒಂದು ಮೂಲೆಯ ಜಿಲ್ಲೆ ತನ್ನ ರಾಜಧಾನಿಗೆ ಕಬ್ಬಿಣದ ದಾರಿಯಲ್ಲಿ ಗಂಟುಬಿತ್ತು, ಅಷ್ಟೆ. ಮಂಗಳೂರಿನವರು ಬೆಂಗಳೂರಿಗೆ ರೈಲಿನಲ್ಲೇ ಹೋಗುವ ಹಟ ಹಿಡಿದರೆ ಶೋರನೂರು, ಪೋದನೂರು, ಜೋಲಾರಪೇಟೆ ಸುತ್ತಿ ಹೋಗಬೇಕಾಗಿತ್ತು. ಮೂಡುಬಿದಿರೆಯವರಿಗೆ ಅದೂ ಇಲ್ಲ. ಮೊದಲು ಮಂಗಳೂರು ಮುಟ್ಟಬೇಕು.

ಮೂಡುಬಿದಿರೆಯ ವಿಷಯದಲ್ಲಿ ಒಂದು ಮಾತು ಇಲ್ಲೇ ಹೇಳಬೇಕು. ಅದು ರೈಲಿನ ಊರಲ್ಲ, ಪುಸ್ತಕದ ಊರು. ಸಿದ್ಧಾಂತ ಬಸದಿಯ ಧವಲ, ಜಯಧವಲ, ಮಹಾಧವಲ ಎಂಬ ಜೈನ ಆಗಮ ಗ್ರಂಥಗಳ ಓಲೆಗರಿಗಳನ್ನು ನಕಲು ಮಾಡುವ ಕೆಲಸ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಶುರುವಾಯಿತು, ಅಂದರೆ ಮಂಗಳೂರಿಗೂ ರೈಲು ಇಲ್ಲದ ಕಾಲದಲ್ಲಿ. ಹಳಗನ್ನಡ ಲಿಪಿಯಿಂದ ನಾಗರಿಗೆ ಇಳಿಸಿದ ಆ ಪ್ರತಿಗಳು ಉತ್ತರ ಭಾರತ ತಲುಪಿ, ಹೀರಾಲಾಲ್ ಜೈನ್ ಅವರ ಸಂಪಾದಕತ್ವದಲ್ಲಿ ಷಟ್‌ಖಂಡಾಗಮದ ಮೊದಲ ಸಂಪುಟವಾಗಿ ಹೊರಬಂದದ್ದು 1939ರಲ್ಲಿ. ಪಂಡಿತ ಕೆ. ಭುಜಬಲಿ ಶಾಸ್ತ್ರಿಗಳು ಇಲ್ಲಿನ ಮಠ, ಬಸದಿಗಳ ಓಲೆಗರಿಗಳ ಸೂಚಿ ತಯಾರಿಸಿ 1948ರಲ್ಲಿ ಪ್ರಕಟಿಸಿದರು. ಫರ್ಗುಸನ್ 1876ರ ತನ್ನ ವಾಸ್ತುಶಿಲ್ಪ ಚರಿತ್ರೆಯಲ್ಲಿ ಇಲ್ಲಿನ ಬಸದಿಗಳ ಮಾಡನ್ನು ನೇಪಾಳದ ದೇಗುಲಗಳಿಗೆ ಹೋಲಿಸಿ ಜಗತ್ತಿಗೆ ಪರಿಚಯಿಸಿದ. ಇಷ್ಟೆಲ್ಲ ಹೆಸರು ಹೋದ ಊರಿಗೆ ಇವತ್ತಿಗೂ ಬಸ್ಸೇ ಗತಿ.

ಬಸ್ಸಿನ ಮಾತು ಬಂದದ್ದೂ ಒಳ್ಳೆಯದಾಯಿತು. 1914ರಲ್ಲಿ ಮಂಗಳೂರಿನಲ್ಲಿ ಕೆನರಾ ಪಬ್ಲಿಕ್ ಕನ್ವೇಯನ್ಸ್, ಜನರ ಬಾಯಲ್ಲಿ ಸಿಪಿಸಿ, ಮೋಟಾರು ಓಡಿಸಲು ಶುರು ಮಾಡಿತು. ಪಾಣೆಮಂಗಳೂರಿನಲ್ಲಿ ನೇತ್ರಾವತಿಗೆ ಕಬ್ಬಿಣದ ಸೇತುವೆ ಬಂತು. ನೂರು ದಾಟಿದ ಅದು ಈಗಲೂ ನಿಂತಿದೆ. ಓಡ, ಗಾಡಿಗಳ ಬಂಟ್ವಾಳಕ್ಕೆ ನಿಜವಾದ ಪೆಟ್ಟು ಕೊಟ್ಟದ್ದು ರೈಲಲ್ಲ, ಇವೆರಡು. ಲಾರಿ ಘಟ್ಟದಿಂದ ಇಳಿದು ನೇರ ಮಂಗಳೂರಿಗೆ ಹೋಗುವುದಾದರೆ ಬಂಟ್ವಾಳದಲ್ಲಿ ಸರಕು ಇಳಿಸುವವರು ಯಾರು? ಪೇಟೆಯಿಂದ ಸ್ವಲ್ಪ ದೂರ, ಬೆಂಗಳೂರು ರಸ್ತೆಯೂ ಬೆಳ್ತಂಗಡಿ ರಸ್ತೆಯೂ ಬೇರೆಯಾಗುವ ಕೂಡುದಾರಿಯಲ್ಲಿ ಹೊಸ ಪೇಟೆಯೊಂದು ಬೆಳೆಯಿತು. ಅದೇ ಬಿ.ಸಿ. ರೋಡು. ರೈಲು ಬರುವ ಹೊತ್ತಿಗೆ ಹಳೆ ಬಂಟ್ವಾಳ ಆಗಲೇ ಹಿಂದೆ ಬಿದ್ದಿತ್ತು, ಹಾಗಾಗಿ ಬಂಟ್ವಾಳದ ರೈಲ್ವೆ ಸ್ಟೇಷನ್ ಇರುವುದು ಬಿ.ಸಿ. ರೋಡಿನಲ್ಲಿ.

ಘಟ್ಟ ಹತ್ತುವ ರೈಲಿನ ಮಾತು ಬ್ರಿಟಿಷರ ಕಾಲದಲ್ಲೇ ಎದ್ದಿತ್ತು. ಅರಸೀಕೆರೆಯಿಂದ ಮಂಗಳೂರಿಗೆ ಹಳಿ ಹಾಕುವ ಸರ್ವೆಯೂ ನಡೆದಿತ್ತು. ಕೆಲಸ ಮುಂದೆ ಹೋಗದಿರಲು ಗುಡ್ಡ ಒಂದು ಕಾರಣ, ಗಡಿ ಇನ್ನೊಂದು. ಘಟ್ಟದ ಮೇಲೆ ಮೈಸೂರು ಸಂಸ್ಥಾನ, ಕೆಳಗೆ ಮದರಾಸು ಪ್ರಾಂತ. ಮೈಸೂರಿಗೆ ತನ್ನದೇ ಕಡಲ ಬಾಗಿಲು ಬೇಕಿತ್ತು. ವಿಶ್ವೇಶ್ವರಯ್ಯನವರ ಕಣ್ಣು ಭಟ್ಕಳದ ಮೇಲಿತ್ತು. ಮದರಾಸಿಗೆ ಮಂಗಳೂರಿನ ಬಂದರು ದೊಡ್ಡದಾದರೆ ಆಗಬೇಕಾದ್ದೇನೂ ಇರಲಿಲ್ಲ. ಇಬ್ಬರು ಯಜಮಾನರ ನಡುವಿನ ಘಾಟಿಗೆ ಯಾರು ದುಡ್ಡು ಹಾಕುತ್ತಾರೆ?

1956ರ ನವೆಂಬರ್ 1ರಂದು ಆ ಗಡಿ ಅಳಿಯಿತು. ಹಾಗೆ ಅಳಿಯುವಾಗ ಕಾಸರಗೋಡು ಕೇರಳಕ್ಕೆ ಹೋಯಿತು, ಜೊತೆಗೆ ಜಿಲ್ಲೆಯಲ್ಲಿದ್ದ ರೈಲು ಹಳಿಯ ಬಹುಭಾಗವೂ ಹೋಯಿತು. ಹೊಸ ರಾಜ್ಯದ ಬಂದರು ಊರಿಗೆ ತನ್ನ ರಾಜಧಾನಿಗೆ ಹೋಗುವ ನೇರ ರೈಲಿಲ್ಲ, ಪಕ್ಕದ ರಾಜ್ಯದ ಮೂಲಕ ಹೋಗುವ ಹಳಿ ಮಾತ್ರ ಇದೆ ಎಂಬ ಪರಿಸ್ಥಿತಿ. ಇಲ್ಲಿ ಒಬ್ಬರ ಹೆಸರು ಹೇಳದೆ ಮುಂದೆ ಹೋಗುವಂತಿಲ್ಲ. ಉಳ್ಳಾಲ ಶ್ರೀನಿವಾಸ ಮಲ್ಯರು. ಸುರತ್ಕಲ್ಲಿನ ಇಂಜಿನಿಯರಿಂಗ್ ಕಾಲೇಜು, ಬಜಪೆಯ ವಿಮಾನ ನಿಲ್ದಾಣ, ಪಣಂಬೂರಿನ ಬಂದರು, ಎಲ್ಲದರ ಹಿಂದೆ ಅವರ ಒತ್ತಾಯವಿತ್ತು. ಹಾಸನ–ಮಂಗಳೂರು ರೈಲಿನ ಹಿಂದೆಯೂ. 1965ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ ಬಂದರೂ ಆಗಿರಲಿಲ್ಲ, ರೈಲೂ ಓಡಿರಲಿಲ್ಲ.

ದೆಹಲಿ ಈ ಮಾರ್ಗಕ್ಕೆ ಒಪ್ಪಿದ್ದು ಪುತ್ತೂರಿನ ಅಡಿಕೆಗಾಗಿಯೋ ಸುಬ್ರಹ್ಮಣ್ಯದ ಯಾತ್ರಿಕರಿಗಾಗಿಯೋ ಅಲ್ಲ ಎಂಬುದನ್ನು ಮರೆಯಬಾರದು. ಬಳ್ಳಾರಿ, ಹೊಸಪೇಟೆಗಳ ಕಬ್ಬಿಣದ ಅದಿರು ಪಣಂಬೂರಿನ ಹಡಗು ಏರಬೇಕಿತ್ತು. ಬಂದರಿಲ್ಲದೆ ರೈಲಿಗೆ ಅರ್ಥವಿಲ್ಲ, ರೈಲಿಲ್ಲದೆ ಬಂದರಿಗೆ ಸರಕಿಲ್ಲ. ಎರಡನ್ನೂ ಒಟ್ಟಿಗೆ ಹಿಡಿದು ನಡೆಸಿದರು. ನವಮಂಗಳೂರು 1974ರಲ್ಲಿ ಪ್ರಮುಖ ಬಂದರೆಂದು ಘೋಷಣೆಯಾಯಿತು, 1975ರ ಜನವರಿಯಲ್ಲಿ ಇಂದಿರಾ ಗಾಂಧಿ ಉದ್ಘಾಟಿಸಿದರು. ಕೆ. ಅಭಿಶಂಕರ್ ಸಂಪಾದಿಸಿದ ದಕ್ಷಿಣ ಕನ್ನಡ ಜಿಲ್ಲಾ ಗ್ಯಾಸೆಟಿಯರ್ 1973ರಲ್ಲಿ ಅಚ್ಚಾದಾಗ ರೈಲಿನ ಕೆಲಸ ಇನ್ನೂ ಅರ್ಧದಲ್ಲಿತ್ತು. ಗುರುರಾಜ ಭಟ್ಟರ ತುಳುವ ಚರಿತ್ರೆಯ ದೊಡ್ಡ ಪುಸ್ತಕ ಬಂದ 1975ರಲ್ಲೂ ಅಷ್ಟೆ. ಚರಿತ್ರೆಯ ಎರಡು ಮುಖ್ಯ ಗ್ರಂಥಗಳು ಅಚ್ಚಿನ ಮನೆಯಿಂದ ಹೊರಬಂದ ಹೊತ್ತಿಗೆ ಸುಬ್ರಹ್ಮಣ್ಯದ ಮೇಲಿನ ಕಾಡಿನಲ್ಲಿ ಸುರಂಗ ಕೊರೆಯುತ್ತಿದ್ದರು.

ಈಗ ಮಾರ್ಗದ ಪ್ರಶ್ನೆ. ಮಂಗಳೂರಿನಿಂದ ಬಂಟ್ವಾಳದವರೆಗೆ ಆಯ್ಕೆಯೇ ಇಲ್ಲ. ಬುಕಾನನ್ ಹಿಡಿದ ಹೊಳೆಯ ದಂಡೆಯೇ ಸಮತಟ್ಟು. ಬಂಟ್ವಾಳದಲ್ಲಿ ಎರಡು ದಾರಿ. ಎಡಕ್ಕೆ ಹೋದರೆ ಬೆಳ್ತಂಗಡಿ, ಚಾರ್ಮಾಡಿ. ಬಲಕ್ಕೆ ಹೊಳೆ ದಾಟಿದರೆ ಪುತ್ತೂರು, ಸುಬ್ರಹ್ಮಣ್ಯ, ಸಕಲೇಶಪುರ. ಬೆಳ್ತಂಗಡಿಯವರು ಇಂದಿಗೂ ನಮ್ಮನ್ನು ಬಿಟ್ಟರು ಎನ್ನುತ್ತಾರೆ. ಸ್ವಲ್ಪ ಲೆಕ್ಕ ಹಾಕಿ ನೋಡಿ. ರೈಲು ಬಸ್ಸಿನಂತೆ ತಿರುವಿನ ಮೇಲೆ ತಿರುವು ಹಾಕಿ ಹತ್ತಲಾರದು. ಈ ಘಾಟಿಗೆ ಇಂಜಿನಿಯರುಗಳು ಇಟ್ಟ ಏರು ಐವತ್ತಕ್ಕೆ ಒಂದು: ಐವತ್ತು ಮೀಟರ್ ಮುಂದೆ ಹೋದರೆ ಒಂದು ಮೀಟರ್ ಮೇಲೆ. ರೈಲಿನ ಮಟ್ಟಿಗೆ ಇದೇ ಕಡಿದಾದದ್ದು. ಘಟ್ಟದ ಎತ್ತರ ಎಂಟುನೂರು ಮೀಟರಿನ ಆಸುಪಾಸು ಎಂದಿಟ್ಟುಕೊಂಡರೂ ಕಡಿಮೆಯೆಂದರೆ ನಲವತ್ತು ಕಿಲೋಮೀಟರ್ ಉದ್ದದ, ಎಡೆಬಿಡದ ಏರು ಬೇಕು. ಚಾರ್ಮಾಡಿಯಲ್ಲಿ ಬೆಟ್ಟ ಗೋಡೆಯಂತೆ ಎದ್ದು ನಿಂತಿದೆ. ಅಲ್ಲಿ ಇಪ್ಪತ್ತು ಚಿಲ್ಲರೆ ಕಿಲೋಮೀಟರಿನಲ್ಲಿ ರಸ್ತೆ ಮೇಲೆ ಹತ್ತಿಬಿಡುತ್ತದೆ. ಶಿರಾಡಿ ಕಡೆ ಹಾಗಲ್ಲ. ಕೆಂಪುಹೊಳೆ, ಗುಂಡ್ಯ ಹೊಳೆಗಳು ಬೆಟ್ಟವನ್ನು ಉದ್ದಕ್ಕೆ ಸೀಳಿಕೊಂಡು ಬಂದಿವೆ. ಕಣಿವೆಯ ಪಕ್ಕೆ ಹಿಡಿದು ನಿಧಾನವಾಗಿ ಏರಲು ಬೇಕಾದ ಉದ್ದ ಅಲ್ಲಿ ಸಿಗುತ್ತದೆ. ಹಾಸನದವರೆಗೆ ಮೀಟರ್ ಗೇಜ್ ಹಳಿಯೂ ಮೊದಲೇ ಇತ್ತು. ಬೆಳ್ತಂಗಡಿಗೆ ಅನ್ಯಾಯ ಮಾಡಿದ್ದು ಯಾವ ಮಂತ್ರಿಯೂ ಅಲ್ಲ ಎಂಬುದು ನನ್ನ ತೀರ್ಮಾನ.

1979ರಲ್ಲಿ 189 ಕಿಲೋಮೀಟರಿನ ಮೀಟರ್ ಗೇಜ್ ಮಾರ್ಗ ಪೂರ್ತಿಯಾಯಿತು. ಅದರಲ್ಲಿ ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡಿನವರೆಗಿನ 55 ಕಿಲೋಮೀಟರಿನಲ್ಲೇ 57 ಸುರಂಗಗಳು. ದೋಣಿಗಲ್, ಕಡಗರವಳ್ಳಿ, ಎಡಕುಮೇರಿ, ಸಿರಿಬಾಗಿಲು: ಘಾಟಿಯ ದಾರಿಯ ಸ್ಟೇಷನ್‌ಗಳು. ಇಳಿಯುವ ಗಾಡಿ ಬ್ರೇಕು ತಪ್ಪಿದರೆ ಅದನ್ನು ಪಕ್ಕಕ್ಕೆ ತಿರುಗಿಸಿ ಏರುಹಳಿಯಲ್ಲಿ ನಿಲ್ಲಿಸುವ ವ್ಯವಸ್ಥೆ ಅಲ್ಲಿದೆ. ವೇಗ ಗಂಟೆಗೆ 30 ಕಿಲೋಮೀಟರ್ ಮೀರುವಂತಿಲ್ಲ. ಹತ್ತುವ ಗಾಡಿಗೆ ಸುಬ್ರಹ್ಮಣ್ಯ ರೋಡಿನಲ್ಲಿ ಹಿಂದಿನಿಂದ ದೂಡುವ ಎಂಜಿನ್ ಸೇರಿಸುತ್ತಾರೆ. ಕೆಳಗೆ ಪುತ್ತೂರು, ಪಾಣೆಮಂಗಳೂರಿನ ಬಳಿ ನೇತ್ರಾವತಿಯ ಸೇತುವೆ, ಬಂಟ್ವಾಳ, ಮಂಗಳೂರು. 1837ರ ರೈತರು ನಡೆದ ಕ್ರಮದಲ್ಲೇ.

ಇಷ್ಟು ಕಷ್ಟಪಟ್ಟು ಹಾಕಿದ ಹಳಿ ಹದಿನೇಳು ವರ್ಷ ಕೂಡ ನೆಟ್ಟಗೆ ಬಾಳಲಿಲ್ಲ. ಮಂಗಳೂರಿನಲ್ಲಿ 1907ರ ಹಳಿ ಬ್ರಾಡ್ ಗೇಜ್, ಹಾಸನದ ಹಳಿ ಮೀಟರ್ ಗೇಜ್. ಒಂದರ ವ್ಯಾಗನ್ ಇನ್ನೊಂದರ ಮೇಲೆ ಓಡುವುದಿಲ್ಲ. ಅದಿರು ಸಾಗಿಸಲೆಂದು ಕಟ್ಟಿದ ಮಾರ್ಗದಲ್ಲಿ ಇದು ಮೊದಲೇ ಹೊಳೆಯಬೇಕಿದ್ದ ವಿಷಯ. ಅದರ ನಡುವೆ ಇನ್ನೊಂದು ವಿಪರ್ಯಾಸ ನಡೆದಿತ್ತು. ಬೆಳ್ತಂಗಡಿಯ ನೆತ್ತಿಯ ಮೇಲಿರುವ ಕುದುರೆಮುಖದಲ್ಲಿ 1976ರಲ್ಲಿ ಅದಿರು ಕಂಪನಿ ಶುರುವಾಯಿತು. ಅದರ ಅದಿರು ರೈಲನ್ನೇ ಹತ್ತಲಿಲ್ಲ. ನೀರಿನಲ್ಲಿ ಕಲಸಿ, ಸುಮಾರು 67 ಕಿಲೋಮೀಟರ್ ಉದ್ದದ ಕೊಳವೆಯಲ್ಲಿ ಪಣಂಬೂರಿಗೆ ಹರಿಸಿದರು. ಸುಪ್ರೀಂ ಕೋರ್ಟಿನ ಆದೇಶದಂತೆ 2005ರ ಕೊನೆಗೆ ಗಣಿ ನಿಂತಿತು.

1990ರ ದಶಕದ ಮಧ್ಯದಲ್ಲಿ ಗೇಜ್ ಬದಲಾವಣೆಗೆಂದು ಘಾಟಿಯಲ್ಲಿ ರೈಲು ನಿಲ್ಲಿಸಿದರು. ಕೆಲವು ವರ್ಷದ ಕೆಲಸ ಎಂದು ಜನ ನಂಬಿದ್ದರು. 2003ರಲ್ಲಿ ಹಾಸನ–ಮಂಗಳೂರು ರೈಲು ಅಭಿವೃದ್ಧಿ ಕಂಪನಿ ಎಂಬ ಪ್ರತ್ಯೇಕ ಸಂಸ್ಥೆ ಹುಟ್ಟಿದ ಮೇಲಷ್ಟೇ ಕೆಲಸಕ್ಕೆ ಚುರುಕು ಬಂತು. 2006ರಲ್ಲಿ ಗೂಡ್ಸ್ ಓಡಿತು. ಪ್ರಯಾಣಿಕರ ರೈಲು ಮತ್ತೆ ಬಂದದ್ದು 2007ರ ಡಿಸೆಂಬರ್ 8ರಂದು. ಮೊದಲು ಅದಿರು, ಆಮೇಲೆ ಮನುಷ್ಯರು. ಇಲ್ಲೂ ಅದೇ ಕ್ರಮ. 2010ರಲ್ಲಿ ರಾಜ್ಯ ಸರ್ಕಾರ ಅದಿರು ರಫ್ತು ನಿಲ್ಲಿಸಿದ ಮೇಲೆ ಯಾರಿಗಾಗಿ ಈ ಹಳಿ ಹಾಕಿದ್ದು ಎಂಬ ಪ್ರಶ್ನೆಗೆ ಕೊನೆಗೂ ಪ್ರಯಾಣಿಕ ಎಂಬ ಉತ್ತರ ಸಿಕ್ಕಿತು ಎನ್ನಬೇಕು. 2021ರಿಂದ ಗಾಜಿನ ಚಾವಣಿಯ ವಿಸ್ಟಾಡೋಮ್ ಬೋಗಿಯೂ ಓಡುತ್ತಿದೆ. ಅದರಲ್ಲಿ ಕೂತವರ ಮೊಬೈಲಿನಲ್ಲಿ ಎಡಕುಮೇರಿ ಈಗ ಹೆಸರುವಾಸಿ.

ಕರಾವಳಿಯ ಉದ್ದಕ್ಕೆ ಕೊಂಕಣ ರೈಲ್ವೆ 1998ರ ಜನವರಿ 26ರಂದು ಪೂರ್ತಿಯಾದಾಗ ಮೂಡುಬಿದಿರೆಗೆ ಸಿಕ್ಕಿದ್ದು ಪಶ್ಚಿಮಕ್ಕೆ ಮೂಲ್ಕಿ ಸ್ಟೇಷನ್, ಅದೂ ಬಸ್ಸು ಹಿಡಿದು ಹೋಗಬೇಕಾದಷ್ಟು ದೂರ. ಈಗ ಜಿಲ್ಲೆಯ ಹಳಿಗೆ ಮೂವರು ಒಡೆಯರು. ಮಂಗಳೂರಿನ ಎರಡು ಸ್ಟೇಷನ್‌ಗಳು ದಕ್ಷಿಣ ರೈಲ್ವೆಯ ಪಾಲಕ್ಕಾಡ್ ವಿಭಾಗಕ್ಕೆ, ಪಡೀಲಿನ ಆಚೆ ಬಂಟ್ವಾಳ, ಪುತ್ತೂರುಗಳು ನೈಋತ್ಯ ರೈಲ್ವೆಯ ಮೈಸೂರು ವಿಭಾಗಕ್ಕೆ, ತೋಕೂರಿನಿಂದ ಉತ್ತರ ಕೊಂಕಣ ರೈಲ್ವೆಗೆ. ಬಂಟ್ವಾಳದಲ್ಲಿ ಒಂದು ರೈಲು ನಿಲ್ಲಿಸಿ ಎಂಬ ಅರ್ಜಿ ಯಾವ ಮೇಜಿಗೆ ಹೋಗಬೇಕೆಂದು ತಿಳಿಯಲು ಒಂದು ತಲೆಮಾರಿನ ಹೋರಾಟಗಾರರಿಗೆ ಸಾಕಷ್ಟು ಸಮಯ ಹಿಡಿದಿದೆ.

ಪುಸ್ತಕಗಳಿಗೆ ಮತ್ತೆ ಬರುತ್ತೇನೆ. ಚೌಟರ ಅರಮನೆಯ ಮರದ ಕೆತ್ತನೆಯ ಬಗ್ಗೆ ನಮ್ಮಲ್ಲಿ ಲೇಖನಗಳಿವೆ, ಜಮಾಲಾಬಾದಿನ ಮುತ್ತಿಗೆಯ ಬಗ್ಗೆ ಇವೆ, 1837ರ ಬಗ್ಗೆ ನಿರಂಜನರ ಕಾದಂಬರಿಯಿಂದ ಹಿಡಿದು ಸಂಶೋಧನ ಪ್ರಬಂಧದವರೆಗೆ ಇವೆ. ಐವತ್ತೇಳು ಸುರಂಗ ಕೊರೆದವರ ಬಗ್ಗೆ, ಹಳಿಗಾಗಿ ಗದ್ದೆ, ತೋಟ ಬಿಟ್ಟುಕೊಟ್ಟವರ ಬಗ್ಗೆ ಕನ್ನಡದಲ್ಲಿ ಅಷ್ಟೇ ಶ್ರದ್ಧೆಯ ಬರವಣಿಗೆ ನಡೆಯಬೇಕು. ಆ ಕೆಲಸದಲ್ಲಿ ಇಪ್ಪತ್ತರ ಹರೆಯದಲ್ಲಿ ದುಡಿದವರು ಈಗ ಎಂಬತ್ತರ ಹತ್ತಿರದಲ್ಲಿದ್ದಾರೆ. ಫರಂಗಿಪೇಟೆಯಿಂದ ಸುಬ್ರಹ್ಮಣ್ಯ ರೋಡಿನವರೆಗೆ ಯಾವ ಮನೆಯ ಪೆಟ್ಟಿಗೆಯಲ್ಲಾದರೂ ಭೂಸ್ವಾಧೀನದ ನೋಟಿಸು, ಕೂಲಿಯ ಚೀಟಿ, ಮೀಟರ್ ಗೇಜ್ ಕಾಲದ ದಪ್ಪ ರಟ್ಟಿನ ಟಿಕೇಟು, ಘಾಟಿ ಕೆಲಸದ ಒಂದು ಫೋಟೊ ಇದ್ದರೆ ಗುಜರಿಗೆ ಹಾಕಬೇಡಿ. ಪ್ರೊ. ತುಕಾರಾಮ ಪೂಜಾರಿಯವರು ಬಂಟ್ವಾಳದ ಸಂಚಯಗಿರಿಯಲ್ಲಿ ಕಟ್ಟಿದ ರಾಣಿ ಅಬ್ಬಕ್ಕ ತುಳು ಅಧ್ಯಯನ ಕೇಂದ್ರದಂಥ ಜಾಗಗಳು ನಮ್ಮ ನಡುವೆಯೇ ಇವೆ; ಅಲ್ಲಿಗೆ ಹೋಗಿ ಒಮ್ಮೆ ವಿಚಾರಿಸಿ. ಮನೆಯ ಹಿರಿಯರು ಹೇಳುವ ರೈಲಿನ ಕಥೆಯನ್ನು ಮೊಬೈಲಿನಲ್ಲಾದರೂ ಧ್ವನಿಮುದ್ರಿಸಿ, ಹೆಸರು, ಊರು, ಇಸವಿ ಬರೆದಿಡಿ.